ಸಿ.ಪಿ. ಇರುವ ಮಗು ಒಂದನೇ ತರಗತಿಗೆ: ಕುರ್ಚಿ, ರ‍್ಯಾಂಪ್, ಶೌಚಾಲಯ ಹೇಗಿರಬೇಕು?

ಕತ್ರಿಗುಪ್ಪೆ ಮಾವ ಕೇಳಿದ್ದು:

ಎಲ್ಲರಿಗೂ ನಮಸ್ಕಾರ. ತಂಗಿ ಮಗಳ ಶಾಲೆ ವಿಷಯ. ಆರು ವರ್ಷ ತುಂಬಿದೆ. ಸೆರೆಬ್ರಲ್ ಪಾಲ್ಸಿ (ಸಿ.ಪಿ., ಮಿದುಳಿನ ತೊಂದರೆಯಿಂದ ಮೈಯ ಚಲನೆಗೆ ತೊಡಕು), ಎರಡೂ ಕಾಲು ಬಿಗಿ. ರಿಪೋರ್ಟಿನಲ್ಲಿ ಸ್ಪಾಸ್ಟಿಕ್ ಡೈಪ್ಲೀಜಿಯ, ಜಿಎಂಎಫ್‌ಸಿಎಸ್ ಹಂತ 3 (ಕೈಯಲ್ಲಿ ಆಸರೆ ಹಿಡಿದು ನಡೆಯುವ ಮಟ್ಟ) ಅಂತ ಬರೆದಿದ್ದಾರೆ. ಎರಡೂ ಕಾಲಿಗೆ ಎಎಫ್‌ಒ (ಪಾದ, ಕಣಕಾಲಿಗೆ ಹಾಕುವ ಆಸರೆ) ಇದೆ, ರಿವರ್ಸ್ ವಾಕರ್ (ಬೆನ್ನ ಹಿಂದೆ ಬರುವ ವಾಕರ್) ಹಿಡಿದು ಮನೆಯೊಳಗೆ ಓಡಾಡುತ್ತಾಳೆ. ಮಾತು ನಿಧಾನ, ಆದರೆ ಅರ್ಥವಾಗುತ್ತದೆ. ಕಥೆ, ಲೆಕ್ಕ ಎಲ್ಲದರಲ್ಲೂ ಚುರುಕು. ಬರೆಯುವಾಗ ಮಾತ್ರ ನಾಲ್ಕು ಸಾಲು ಮುಗಿಯುವಷ್ಟರಲ್ಲಿ ಕೈ ಸೋಲುತ್ತದೆ.

ಮನೆಯಿಂದ ಅರ್ಧ ಕಿಲೋಮೀಟರ್ ಒಳಗೇ ಸರ್ಕಾರಿ ಹಿರಿಯ ಪ್ರಾಥಮಿಕ ಶಾಲೆ ಇದೆ. ಅಂಗಳದಿಂದ ಜಗಲಿಗೆ ಮೂರು ಮೆಟ್ಟಿಲು, ಒಂದೊಂದೂ ಆರು ಇಂಚು. ಒಂದನೇ ತರಗತಿ ನಲಿ-ಕಲಿ, ಮಕ್ಕಳು ನೆಲದ ಮೇಲೆ ಕೂರುತ್ತಾರೆ. ಶೌಚಾಲಯ ಇಂಡಿಯನ್ ಮಾದರಿ. ಹೆಡ್‌ಮೇಡಂ ಒಳ್ಳೆಯವರೇ. "ಸೇರಿಸ್ಕೊಳ್ಳೋಕೆ ಅಭ್ಯಂತರ ಇಲ್ಲ, ಆದ್ರೆ ನಮ್ಮಲ್ಲಿ ವ್ಯವಸ್ಥೆ ಇಲ್ಲ, ಏನೇನು ಬೇಕು ಅಂತ ನೀವೇ ಬರ್ದುಕೊಡಿ" ಅಂದರು. ಏನೇನು ಬೇಕು ಅಂತ ಬರೆಯೋದು ಹೇಗೆ ಅನ್ನುವುದೇ ಈಗ ನಮ್ಮ ಪ್ರಶ್ನೆ. ಕುರ್ಚಿ ಮಾಡಿಸಬೇಕೋ, ಕೊಳ್ಳಬೇಕೋ? ರ‍್ಯಾಂಪ್ ಎಷ್ಟು ಉದ್ದ? ಯಾವ ಕಾಗದ ಪತ್ರ ಮೊದಲು? ಯುಡಿಐಡಿ (ಅಂಗವೈಕಲ್ಯ ಗುರುತಿನ ಚೀಟಿ) ಇನ್ನೂ ಮಾಡಿಸಿಲ್ಲ. ಗೊತ್ತಿರುವವರು ದಯವಿಟ್ಟು ವಿವರವಾಗಿ ಬರೆಯಿರಿ.

ಒ.ಟಿ. ಬಸವನಗುಡಿ ಉತ್ತರ:

ಮೊದಲು ಕುರ್ಚಿ ನೋಡಿ ಸರ್. ರ‍್ಯಾಂಪ್ ಕಟ್ಟುವುದಕ್ಕೆ ತಿಂಗಳುಗಟ್ಟಲೆ ಹಿಡಿದರೂ ಅಲ್ಲಿಯವರೆಗೆ ಮೂರು ಮೆಟ್ಟಿಲು ಯಾರಾದರೂ ಹಿಡಿದು ಹತ್ತಿಸಬಹುದು. ಕೂರುವುದು ಸರಿಯಿಲ್ಲದಿದ್ದರೆ ಮಾತ್ರ ಮೊದಲ ದಿನದಿಂದಲೇ ಕಲಿಕೆ ಹಿಂದೆ ಬೀಳುತ್ತದೆ. ಸೊಂಟ ಭದ್ರವಾಗಿ ಕೂತರೇನೇ ಕೈ ಬಿಡುವಾಗುವುದು. ಇಲ್ಲದಿದ್ದರೆ ಒಂದು ಕೈ ಸದಾ ನೆಲಕ್ಕೋ ಮೇಜಿಗೋ ಊರಿಕೊಂಡಿರುತ್ತದೆ, ಉಳಿದ ಒಂದು ಕೈ ಬರೆಯುವ ಕೆಲಸದ ಜೊತೆ ಮೈಯನ್ನೂ ಹಿಡಿದುಕೊಳ್ಳುತ್ತದೆ. ನಾಲ್ಕು ಸಾಲಿಗೇ ಕೈ ಸೋಲುವುದಕ್ಕೆ ಬೆರಳಿಗಿಂತ ಸೊಂಟವೇ ಕಾರಣ ಇರಬಹುದು, ಮೊದಲು ಅದನ್ನು ನೋಡಿ.

ಅಳತೆ ತೆಗೆಯುವ ಕ್ರಮ: ಎಎಫ್‌ಒ ಮತ್ತು ಶೂ ಹಾಕಿಸಿಯೇ ಅಳೆಯಿರಿ, ಬರಿಗಾಲಿನಲ್ಲಿ ಅಳೆದರೆ ಅರ್ಧ ಮುಕ್ಕಾಲು ಇಂಚು ತಪ್ಪುತ್ತದೆ. ಗಟ್ಟಿಯಾದ ಸ್ಟೂಲನ್ನು ಗೋಡೆಗೆ ಒತ್ತಿಟ್ಟು ಮಗುವನ್ನು ಬೆನ್ನು ತಾಗುವಂತೆ ಕೂರಿಸಿ. ಮಂಡಿಯ ಹಿಂದಿನ ಮಡಿಕೆಯಿಂದ ಶೂ ತಳದವರೆಗಿನ ಅಳತೆ ಸೀಟಿನ ಎತ್ತರ. ಗೋಡೆಯಿಂದ ಅದೇ ಮಡಿಕೆಯವರೆಗೆ ಅಳೆದು ಒಂದು ಇಂಚು ಕಳೆದರೆ ಸೀಟಿನ ಆಳ. ಹೆಗಲು ಸಡಿಲ ಬಿಟ್ಟು ಮೊಣಕೈ ಮಡಿಸಿದಾಗ ಸೀಟಿನಿಂದ ಮೊಣಕೈವರೆಗೆ ಎಷ್ಟಿದೆಯೋ ಅದನ್ನು ಸೀಟಿನ ಎತ್ತರಕ್ಕೆ ಕೂಡಿಸಿ, ಅದು ಮೇಜಿನ ಎತ್ತರ. ಆರು ವರ್ಷದ ಮಗುವಿಗೆ ಸಾಮಾನ್ಯವಾಗಿ ಸೀಟು 11ರಿಂದ 12 ಇಂಚು, ಆಳ 10ರಿಂದ 11, ಮೇಜು 18ರ ಆಸುಪಾಸು ಬರುತ್ತದೆ. ಆದರೆ ನಾನು ಬರೆದದ್ದನ್ನು ನೋಡಿ ಮಾಡಿಸಬೇಡಿ, ನಿಮ್ಮ ಮಗುವನ್ನೇ ಅಳೆಯಿರಿ. ಸಿ.ಪಿ. ಇರುವ ಮಕ್ಕಳು ವಯಸ್ಸಿಗಿಂತ ಸಣ್ಣಗಿರುವುದು ಸಾಮಾನ್ಯ.

ಅಂಗಡಿಯ ಮಕ್ಕಳ ಪ್ಲಾಸ್ಟಿಕ್ ಕುರ್ಚಿ ಬೇಡ, ಸೀಟು ಹಿಂದಕ್ಕೆ ಇಳಿಜಾರಾಗಿರುತ್ತದೆ, ಅಂಚು ಬಾಗುತ್ತದೆ. 18 ಮಿ.ಮೀ. ಪ್ಲೈವುಡ್‌ನಲ್ಲಿ ಬಡಗಿಯವರೇ ಮಾಡಿಕೊಡುತ್ತಾರೆ. ಸೀಟು ಸಮತಟ್ಟಾಗಿರಲಿ, ಮೇಲೆ ಒಂದು ಇಂಚಿನ ಗಟ್ಟಿ ಫೋಮ್ ಮತ್ತು ರೆಕ್ಸಿನ್. ಮೆತ್ತನೆಯ ಸೋಫಾ ಫೋಮ್ ಹಾಕಿದರೆ ಮಗು ಒಂದು ಕಡೆಗೆ ಕುಸಿಯುತ್ತದೆ. ಬೆನ್ನಿನ ಹಲಗೆ ಹೆಗಲೆಲುಬಿನ ಕೆಳಗಿನ ಅಂಚಿನವರೆಗೆ ಬಂದರೆ ಸಾಕು. ಎರಡೂ ಕಡೆ ಕೈ ಇಡುವ ಹಲಗೆ, ನಾಲ್ಕೂ ಕಾಲಿಗೆ ರಬ್ಬರ್ ಬುಷ್. ಚಕ್ರ ಹಾಕಿಸಬೇಡಿ. ಎದ್ದು ನಿಲ್ಲುವಾಗ ಕುರ್ಚಿ ಹಿಂದಕ್ಕೆ ಓಡಿದರೆ ಬೀಳುವುದು ಖಂಡಿತ.

ಎಲ್ಲಿ ತಪ್ಪಾಗುತ್ತದೆ ಅಂದರೆ, "ಬೆಳೆಯುವ ಮಗು, ಸ್ವಲ್ಪ ದೊಡ್ಡದೇ ಇರಲಿ" ಅಂತ ಸೀಟಿನ ಆಳ ಹೆಚ್ಚು ಮಾಡಿಸುತ್ತಾರೆ. ಆಗ ಸೀಟಿನ ಅಂಚು ಮಂಡಿಯ ಹಿಂದೆ ಒತ್ತುತ್ತದೆ, ಅದರಿಂದ ತಪ್ಪಿಸಿಕೊಳ್ಳಲು ಮಗು ಮುಂದಕ್ಕೆ ಜಾರುತ್ತದೆ, ಸೊಂಟ ಹಿಂದಕ್ಕೆ ವಾಲಿ ಬೆನ್ನು ಗೂನಾಗುತ್ತದೆ. ಜಾರುತ್ತಾಳೆ ಅಂತ ಹೊಟ್ಟೆಗೆ ಬೆಲ್ಟು ಬಿಗಿಯುತ್ತಾರೆ, ಅದು ಮೇಲೆ ಸರಿದು ಪಕ್ಕೆಲುಬಿಗೆ ಒತ್ತುತ್ತದೆ. ಬೆಲ್ಟು ತೊಡೆ ಮತ್ತು ಹೊಟ್ಟೆ ಸೇರುವ ಮಡಿಕೆಯ ಮೇಲೆ, ಸೀಟಿನ ಹಿಂಬದಿ ಮೂಲೆಯಿಂದ ಸುಮಾರು 45 ಡಿಗ್ರಿ ಓರೆಯಲ್ಲಿ ಬರಬೇಕು. ದುಪಟ್ಟಾ, ಟವೆಲ್ ಕಟ್ಟುವುದಂತೂ ಬೇಡವೇ ಬೇಡ. ಮಂಡಿಗಳು ಒಂದಕ್ಕೊಂದು ತಾಗಿ ಕತ್ತರಿಯಾಗುತ್ತಿದ್ದರೆ ನಡುವೆ ಫೋಮ್ ದಿಂಬು ಇಡಬಹುದು, ಮಂಡಿಯ ಹತ್ತಿರ. ತೊಡೆಸಂದಿಗೆ ತಾಗಿಸಿ ಇಟ್ಟು ಜಾರುವುದನ್ನು ತಡೆಯಲು ಬಳಸಬೇಡಿ, ನೋವಾಗುತ್ತದೆ. ವರ್ಷಕ್ಕೊಮ್ಮೆಯಾದರೂ ಮತ್ತೆ ಅಳೆಯಿರಿ. ಕಾಲುಗಳಿಗೆ ತೂತು ಕೊರೆಸಿ ಬೋಲ್ಟು ಹಾಕಿಸಿದ್ದರೆ ಎತ್ತರ ಏರಿಸಬಹುದು, ಬೆನ್ನ ಹಿಂದೆ ಎರಡು ಇಂಚು ದಪ್ಪದ ಹಲಗೆ ಇಟ್ಟಿದ್ದರೆ ಮುಂದೆ ತೆಗೆದು ಆಳ ಹೆಚ್ಚಿಸಬಹುದು.

ನೆಲದ ವಿಷಯ. ಡೈಪ್ಲೀಜಿಯದಲ್ಲಿ ತೊಡೆಯ ಹಿಂಭಾಗದ ಸ್ನಾಯು ಬಿಗಿ ಇರುವುದರಿಂದ ಚಕ್ಕಳಮಕ್ಕಳ ಹಾಕಿದರೂ, ಕಾಲು ಚಾಚಿದರೂ ಬೆನ್ನು ಹಿಂದಕ್ಕೆ ವಾಲುತ್ತದೆ. ಹಾಗಾಗಿ ಮಕ್ಕಳು ಎರಡೂ ಪಾದ ಹೊರಗೆ ಮಾಡಿ ಮಂಡಿ ಮಡಿಸಿ ಕೂರುತ್ತಾರೆ, ಡಬ್ಲ್ಯು ಆಕಾರ. ಗಂಟೆಗಟ್ಟಲೆ ಹಾಗೆ ಕೂತರೆ ತೊಡೆಯ ಒಳತಿರುವು ಹೆಚ್ಚುವ ಅಪಾಯ ಇದೆ. ಎಲ್ಲರೂ ನೆಲದ ಮೇಲೆ ಕೂತಾಗ ಇವಳಿಗೊಂದು ಐದಾರು ಇಂಚು ಎತ್ತರದ, ಬೆನ್ನಿಗೆ ಹಲಗೆ ಇರುವ ಮಣೆ ಮಾಡಿಸಿ. ಹಾಡು, ಕಥೆಯಂಥ ಹದಿನೈದು ಇಪ್ಪತ್ತು ನಿಮಿಷಕ್ಕೆ ಮಣೆ, ಬರೆಯುವುದಕ್ಕೆ ಕುರ್ಚಿ ಮೇಜು.

ಸಿವಿಲ್ ಜಯನಗರ ಉತ್ತರ:

ರ‍್ಯಾಂಪ್ ಲೆಕ್ಕ ಸುಲಭ. ಎತ್ತರ ಒಂದು ಪಾಲಾದರೆ ಉದ್ದ ಹನ್ನೆರಡು ಪಾಲು. ನಿಮ್ಮದು ಮೂರು ಮೆಟ್ಟಿಲು, 18 ಇಂಚು. ಅಂದರೆ 18 ಅಡಿ ಉದ್ದ. "ಇಷ್ಟೊಂದು ಜಾಗ ಎಲ್ಲಿದೆ" ಅಂತ ಮೇಸ್ತ್ರಿ ಒಂಬತ್ತು ಅಡಿಗೆ ಮುಗಿಸುತ್ತಾರೆ. ಅದು 1:6, ಸ್ಕೂಟರ್ ಹತ್ತಿಸುವುದಕ್ಕೆ ಸರಿ, ವಾಕರ್ ಹಿಡಿದ ಮಗುವಿಗಲ್ಲ. ಬೆಂಗಳೂರಿನ ಎಷ್ಟೋ ಕಟ್ಟಡಗಳ ಮುಂದೆ ಇರುವುದು ಈ ಜಾತಿಯ ರ‍್ಯಾಂಪೇ, ಫೋಟೋದಲ್ಲಿ ಚೆನ್ನಾಗಿ ಕಾಣುತ್ತದೆ. ನೇರವಾಗಿ 18 ಅಡಿ ಸಿಗದಿದ್ದರೆ ಗೋಡೆಯ ಉದ್ದಕ್ಕೆ ಹೋಗಿ ಎಲ್ ಆಕಾರದಲ್ಲಿ ತಿರುಗಿಸಿ, ತಿರುವಿನಲ್ಲಿ 5 ಅಡಿ ಚೌಕದ ಸಮತಟ್ಟು ಜಾಗ ಬಿಡಿ.

ಅಗಲ 4 ಅಡಿ. ಮೇಲ್ತುದಿಯಲ್ಲಿ ಬಾಗಿಲಿಗೆ ಮೊದಲು 5 ಅಡಿ ಸಮತಟ್ಟು ಇರಲೇಬೇಕು. ಇಳಿಜಾರಿನ ಮೇಲೆ ನಿಂತುಕೊಂಡು ಬಾಗಿಲು ತೆಗೆಯಲು ಹೋದರೆ ವಾಕರ್ ಜಾರುತ್ತದೆ. ಎರಡೂ ಅಂಚಿಗೆ 3ರಿಂದ 4 ಇಂಚಿನ ಕಟ್ಟೆ, ಚಕ್ರ ಹೊರಗೆ ಹೋಗದಂತೆ. ರೇಲಿಂಗ್ ಎರಡೂ ಬದಿ, ದೊಡ್ಡವರಿಗೆ 900 ಮಿ.ಮೀ., ಪುಟ್ಟ ಮಕ್ಕಳಿಗೆ ಸುಮಾರು ಎರಡಡಿ ಎತ್ತರದಲ್ಲಿ ಇನ್ನೊಂದು ಪೈಪು. ಎರಡೂ ತುದಿಯಲ್ಲಿ ಪೈಪು ಒಂದಡಿ ಮುಂದಕ್ಕೆ ಚಾಚಿರಲಿ, ತುದಿ ಒಳಕ್ಕೆ ಬಾಗಿರಲಿ.

ಮೇಲ್ಮೈಗೆ ಪಾಲಿಷ್ ಗ್ರಾನೈಟ್, ನುಣುಪು ಟೈಲ್ಸ್ ಬೇಡ. ಕಾಂಕ್ರೀಟ್ ಹಸಿ ಇರುವಾಗಲೇ ಪೊರಕೆಯಿಂದ ಅಡ್ಡಡ್ಡ ಗೀರು ಎಳೆಸಿ, ಅದಕ್ಕಿಂತ ಅಗ್ಗದ, ಒಳ್ಳೆಯ ಹಿಡಿತ ಇನ್ನೊಂದಿಲ್ಲ. ಆಳವಾದ ಗೀರು ಹಾಕಿಸಬೇಡಿ, ವಾಕರ್‌ನ ಸಣ್ಣ ಚಕ್ರ ಕುಲುಕಿ ತಡೆಯುತ್ತದೆ. ಮಳೆನೀರು ರ‍್ಯಾಂಪಿನ ಬುಡದಲ್ಲಿ ನಿಲ್ಲುತ್ತದೆ ಅಂತ ಅಲ್ಲೊಂದು ಜಾಲರಿ ಹಾಕುತ್ತಾರೆ. ಜಾಲರಿಯ ಸಂದು ಅರ್ಧ ಇಂಚು ಮೀರಬಾರದು, ಪಟ್ಟಿಗಳು ನಡೆಯುವ ದಿಕ್ಕಿಗೆ ಅಡ್ಡ ಇರಬೇಕು. ಕಟ್ಟಿದ ಮೇಲೆ ಬುಡದಲ್ಲಿ ಬೈಕ್ ನಿಲ್ಲಿಸದ ಹಾಗೆ ಹಳದಿ ಗೆರೆ ಹೊಡೆಸಿ. ಇದು ಸಣ್ಣ ಮಾತಲ್ಲ, ಶಿಕ್ಷಕರ ಗಾಡಿಗಳೇ ಅಲ್ಲಿ ನಿಲ್ಲುವುದು.

ಮೆಟ್ಟಿಲನ್ನು ಒಡೆದು ಹಾಕಬೇಡಿ. ಇಂಥ ಮಕ್ಕಳಲ್ಲಿ ಹಲವರು ಎರಡೂ ಕಡೆ ಹಿಡಿಕೆ ಸಿಕ್ಕರೆ ಮೆಟ್ಟಿಲು ಹತ್ತುತ್ತಾರೆ. ಮೂರು ಮೆಟ್ಟಿಲಿಗೂ ರೇಲಿಂಗ್ ಹಾಕಿಸುವುದು ರ‍್ಯಾಂಪಿಗಿಂತ ಬೇಗ ಆಗುವ ಕೆಲಸ, ವೆಲ್ಡಿಂಗ್‌ನವರು ಒಂದು ದಿನದಲ್ಲಿ ಮುಗಿಸುತ್ತಾರೆ. ಅದನ್ನು ಮೊದಲು ಮಾಡಿಸಿ.

ಶೌಚಾಲಯಕ್ಕೆ: ಬಾಗಿಲು 900 ಮಿ.ಮೀ., ಹೊರಕ್ಕೆ ತೆರೆಯುವಂತೆ. ಒಳಕ್ಕೆ ತೆರೆದರೆ ಮಗು ಒಳಗೆ ಬಿದ್ದಾಗ ಬಾಗಿಲು ತಳ್ಳಲಾಗುವುದಿಲ್ಲ. ಹೊಸದಾಗಿ ಕಟ್ಟಿಸುವುದಾದರೆ ಒಳಗೆ 5 ಅಡಿ ವೃತ್ತ ತಿರುಗುವಷ್ಟು ಖಾಲಿ ಜಾಗ. ದೊಡ್ಡವರ ಕಮೋಡ್ ಎತ್ತರ ಒಂದೂವರೆ ಅಡಿ, ಆರು ವರ್ಷದ ಮಗುವಿನ ಕಾಲು ನೇತಾಡುತ್ತದೆ. ಮುಂದೆ ಜಾರದ ಕಾಲುಪೀಠ ಇಡಬೇಕು ಅಥವಾ ಮಕ್ಕಳ ಅಳತೆಯ ಕಮೋಡ್ ಹಾಕಿಸಬೇಕು. ಹಿಡಿಕೆ ಪೈಪು ಮಗುವಿನ ಮುಷ್ಟಿಗೆ ಸಿಗುವಂತೆ 30 ಮಿ.ಮೀ. ದಪ್ಪ, ಗೋಡೆಯಿಂದ ಎರಡು ಇಂಚು ದೂರ. ಟೊಳ್ಳು ಇಟ್ಟಿಗೆ ಗೋಡೆಗೆ ಸಾದಾ ಪ್ಲಗ್ ಸ್ಕ್ರೂ ಹಾಕಿದರೆ ಹಿಡಿಕೆ ಕಿತ್ತು ಬರುತ್ತದೆ, ಪ್ಲೇಟು ಕೊಟ್ಟು ಗೋಡೆಯ ಆಚೆ ಬದಿಯವರೆಗೆ ಹಾಯುವ ಬೋಲ್ಟು ಹಾಕಿಸಿ. ಹಾಕಿದ ಮೇಲೆ ದೊಡ್ಡವರೊಬ್ಬರು ಜೋತುಬಿದ್ದು ಪರೀಕ್ಷಿಸಿ.

ಹೊಸ ಶೌಚಾಲಯ ಆಗುವವರೆಗೆ, ಇಂಡಿಯನ್ ಪ್ಯಾನ್ ಮೇಲೆ ಇಡುವ ಕಮೋಡ್ ಸ್ಟ್ಯಾಂಡ್ ಮೆಡಿಕಲ್ ಸಲಕರಣೆ ಅಂಗಡಿಗಳಲ್ಲಿ ಸಿಗುತ್ತದೆ. ಕಾಲುಗಳು ಪ್ಯಾನಿನ ಅಂಚಿನ ಹೊರಗೆ ಒಣನೆಲದ ಮೇಲೆ ಊರುತ್ತವೆಯೇ ನೋಡಿ ಕೊಳ್ಳಿ. ಕಿರಿದಾದ ಸ್ಟ್ಯಾಂಡ್ ಒಂದು ಕಾಲು ಪ್ಯಾನಿನೊಳಕ್ಕೆ ಜಾರಿ ಮಗುವಿನ ಸಮೇತ ಮಗುಚುತ್ತದೆ. ಹೆಚ್ಚಿನವು ದೊಡ್ಡವರ ಎತ್ತರದವು, ಪೈಪು ಕತ್ತರಿಸಿ 12 ಇಂಚಿಗೆ ಇಳಿಸಿ ಮತ್ತೆ ಬುಷ್ ಹಾಕಿಸಿ.

ರಾಜಾಜಿನಗರ 4ನೇ ಬ್ಲಾಕ್ ಉತ್ತರ:

ಇಷ್ಟೆಲ್ಲ ಒದ್ದಾಡುವ ಬದಲು ಸ್ಪೆಷಲ್ ಸ್ಕೂಲಿಗೆ ಸೇರಿಸುವುದು ಒಳ್ಳೆಯದಲ್ಲವೇ? ಥೆರಪಿ, ಶೌಚಾಲಯ, ವ್ಯಾನು ಎಲ್ಲ ಒಂದೇ ಕಡೆ. ಸರ್ಕಾರಿ ಶಾಲೆಯಲ್ಲಿ ಒಬ್ಬರೇ ಟೀಚರ್ ಮೂರು ತರಗತಿ ನೋಡಿಕೊಳ್ಳುವಾಗ ಈ ಮಗುವನ್ನು ಯಾರು ನೋಡುತ್ತಾರೆ?

ಸಂಪನ್ಮೂಲ ಟೀಚರ್ ಉತ್ತರ:

ರಾಜಾಜಿನಗರದವರೇ, ಟೀಚರ್ ವಿಷಯದಲ್ಲಿ ನಿಮ್ಮ ಮಾತು ನಿಜ, ಅದಕ್ಕೆ ಆಮೇಲೆ ಬರುತ್ತೇನೆ. ಆದರೆ ಮನೆಯ ಪಕ್ಕದ ಶಾಲೆಯ ಜೊತೆಯವರೊಂದಿಗೆ ಕಲಿಯಬಲ್ಲ ಮಗುವಿನ ಪ್ರತಿದಿನದ ಎರಡು ಮೂರು ಗಂಟೆ ಹೊರವರ್ತುಲ ರಸ್ತೆಯ ಟ್ರಾಫಿಕ್ಕಿನಲ್ಲಿ ಹೋಗುವುದೂ ಲೆಕ್ಕಕ್ಕೆ ಬರಬೇಕು. ಮಾತು, ಬುದ್ಧಿ, ಕೈ ಇಷ್ಟು ನಡೆಯುವ ಮಗುವಿಗೆ ಶಾಲೆ ಹತ್ತಿರದ್ದು, ಥೆರಪಿ ಪರಿಣತರ ಬಳಿ ಅನ್ನುವ ಜೋಡಣೆ ಸರಿಹೋಗುತ್ತದೆ. ಇಂದಿರಾನಗರದ ಸ್ಪಾಸ್ಟಿಕ್ಸ್ ಸೊಸೈಟಿ ಆಫ್ ಕರ್ನಾಟಕ, 1959ರಲ್ಲಿ ಶುರುವಾದ ಎಪಿಡಿ (ಅಸೋಸಿಯೇಷನ್ ಆಫ್ ಪೀಪಲ್ ವಿತ್ ಡಿಸೆಬಿಲಿಟಿ) ಸಂಸ್ಥೆಯ ಲಿಂಗರಾಜಪುರದ ಕೇಂದ್ರ, ಎಎಫ್‌ಒ ಮುಂತಾದ ಸಾಧನಗಳಿಗೆ ಜೆ.ಪಿ. ನಗರದ ಮೊಬಿಲಿಟಿ ಇಂಡಿಯಾ, ಇವುಗಳಲ್ಲಿ ಒಂದು ಕಡೆ ಮೌಲ್ಯಮಾಪನ ಮಾಡಿಸಿಟ್ಟುಕೊಳ್ಳಿ. ಕತ್ರಿಗುಪ್ಪೆಯಿಂದ ಜೆ.ಪಿ. ನಗರ ಹತ್ತಿರವೇ. ನುಂಗುವುದಕ್ಕೆ ಕಷ್ಟ, ಪದೇಪದೇ ಫಿಟ್ಸ್, ಕೂರುವುದಕ್ಕೂ ಪೂರ್ತಿ ಆಸರೆ ಬೇಕು ಅನ್ನುವ ಮಕ್ಕಳ ಲೆಕ್ಕ ಬೇರೆ. ಅಲ್ಲಿ ವಿಶೇಷ ಶಾಲೆಯ ಮಾತು ಸರಿಯೇ. ಬಹುವಿಧ ಅಥವಾ ತೀವ್ರ ಅಂಗವೈಕಲ್ಯ ಇದ್ದರೆ ಗೃಹಾಧಾರಿತ ಶಿಕ್ಷಣ ಆಯ್ದುಕೊಳ್ಳುವ ಹಕ್ಕನ್ನು ಆರ್‌ಟಿಇ (ಶಿಕ್ಷಣ ಹಕ್ಕು) ಕಾಯ್ದೆಗೆ 2012ರ ತಿದ್ದುಪಡಿ ಸೇರಿಸಿದೆ. ಆದರೆ ಅದು ಪೋಷಕರ ಆಯ್ಕೆ. "ಮನೆಯಲ್ಲೇ ಓದಿಸಿ" ಅಂತ ಶಾಲೆ ಹೇಳಿ ಕಳಿಸುವ ಹಾಗಿಲ್ಲ.

ಕಾಗದ ಪತ್ರ. ಸ್ವಾವಲಂಬನ್ ಪೋರ್ಟಲ್‌ನಲ್ಲಿ ಯುಡಿಐಡಿ ಅರ್ಜಿಯನ್ನು ಈಗಲೇ ಹಾಕಿ, ಆದರೆ ದಾಖಲಾತಿಗೆ ಅದು ಬರುವವರೆಗೆ ಕಾಯಬೇಡಿ. 2016ರ ವಿಕಲಚೇತನರ ಹಕ್ಕುಗಳ ಕಾಯ್ದೆಯ 16ನೇ ಕಲಂ ಪ್ರಕಾರ ಸರ್ಕಾರಿ, ಅನುದಾನಿತ, ಮಾನ್ಯತೆ ಪಡೆದ ಶಾಲೆಗಳು ತಾರತಮ್ಯವಿಲ್ಲದೆ ಸೇರಿಸಿಕೊಳ್ಳಬೇಕು, ಕಟ್ಟಡ ಬಳಸಲು ಆಗುವಂತೆ ಮಾಡಬೇಕು, ಆ ಮಗುವಿನ ಅಗತ್ಯಕ್ಕೆ ತಕ್ಕ ಹೊಂದಾಣಿಕೆ ಮಾಡಬೇಕು. ಇದಕ್ಕೆ ಅಂಗವೈಕಲ್ಯ ಇಷ್ಟೇ ಶೇಕಡಾ ಇರಬೇಕು ಅನ್ನುವ ಮಿತಿ ಇಲ್ಲ. ಶೇ. 40 ಮತ್ತು ಮೇಲಿದ್ದರೆ 31ನೇ ಕಲಂ ಸೇರಿಕೊಳ್ಳುತ್ತದೆ: 6ರಿಂದ 18 ವರ್ಷದವರೆಗೆ ನೆರೆಹೊರೆಯ ಶಾಲೆಯಲ್ಲೋ ತಮ್ಮ ಆಯ್ಕೆಯ ವಿಶೇಷ ಶಾಲೆಯಲ್ಲೋ ಉಚಿತ ಶಿಕ್ಷಣ. ಶೇಕಡಾವಾರು ನಿರ್ಧರಿಸುವ ವೈದ್ಯಕೀಯ ಮಂಡಳಿಯ ಮುಂದೆ ಹೋಗುವ ದಿನ ಹಳೆಯ ಎಂಆರ್‌ಐ, ಡಿಸ್ಚಾರ್ಜ್ ಸಮ್ಮರಿ, ಥೆರಪಿ ವರದಿ ಎಲ್ಲ ಒಯ್ಯಿರಿ, ಎಎಫ್‌ಒ ಬಿಚ್ಚಿದಾಗ ಹೇಗೆ ನಡೆಯುತ್ತಾಳೆ ಎಂಬುದನ್ನೂ ತೋರಿಸಿ. ಸಾಧನ ಹಾಕಿಕೊಂಡು ಚೆನ್ನಾಗಿ ನಿಂತದ್ದನ್ನಷ್ಟೇ ನೋಡಿದರೆ ಶೇಕಡಾವಾರು ಕಡಿಮೆ ಬೀಳಬಹುದು.

ಸೇರಿಸಿದ ದಿನವೇ ಯುಡೈಸ್ (ಶಾಲೆ, ಮಕ್ಕಳ ವಿವರ ದಾಖಲಿಸುವ ಸರ್ಕಾರಿ ವ್ಯವಸ್ಥೆ) ಮಾಹಿತಿಯಲ್ಲಿ ವಿಶೇಷ ಅಗತ್ಯವುಳ್ಳ ಮಗು ಅಂತ ನಮೂದಾಗಿದೆಯೇ ಕೇಳಿ. ಎಷ್ಟೋ ಮಕ್ಕಳಿಗೆ ಸೌಲಭ್ಯ ತಪ್ಪುವುದು ಈ ಒಂದು ಕಾಲಂ ಖಾಲಿ ಬಿಟ್ಟಿದ್ದಕ್ಕೆ. ಸಮಗ್ರ ಶಿಕ್ಷಣ ಯೋಜನೆಯಡಿ ಬೆಂಗಾವಲು ಭತ್ಯೆ (ಮಗುವನ್ನು ಕರೆದುತರುವುದಕ್ಕೆ), ಸಾರಿಗೆ ಭತ್ಯೆ ಇವೆ, ಹೆಣ್ಣುಮಕ್ಕಳಿಗೆ ತಿಂಗಳಿಗೆ 200 ರೂಪಾಯಿಯಂತೆ 10 ತಿಂಗಳು ಶಿಷ್ಯವೇತನ ಇದೆ. ಹಣ ಖಾತೆಗೇ ಬರುವುದರಿಂದ ಮಗುವಿನ ಹೆಸರಲ್ಲಿ ಆಧಾರ್ ಜೋಡಿಸಿದ ಬ್ಯಾಂಕ್ ಖಾತೆ ತೆರೆದಿಡಿ. ನಿಮ್ಮ ಬಿಆರ್‌ಸಿಯಲ್ಲಿ (ಬ್ಲಾಕ್ ಸಂಪನ್ಮೂಲ ಕೇಂದ್ರ) ಬಿಐಇಆರ್‌ಟಿ, ಅಂದರೆ ಇಂಥ ಮಕ್ಕಳಿಗಾಗಿಯೇ ಇರುವ ಸಂಪನ್ಮೂಲ ಶಿಕ್ಷಕರು, ಇರುತ್ತಾರೆ. ಬ್ಲಾಕಿಗೆ ಕೆಲವೇ ಜನ, ಶಾಲೆಗಳು ತುಂಬಾ, ಹಾಗಾಗಿ ಅವರೇ ಬರಲಿ ಅಂತ ಕೂರದೆ ಬಿಆರ್‌ಸಿಗೆ ಹೋಗಿ ಭೇಟಿ ನಿಗದಿ ಮಾಡಿಕೊಳ್ಳಿ. ವೈದ್ಯಕೀಯ ಮೌಲ್ಯಾಂಕನ ಶಿಬಿರ ಯಾವಾಗ ಎಂದೂ ಕೇಳಿ, ವಾಕರ್, ಸಿ.ಪಿ. ಕುರ್ಚಿ ಮುಂತಾದವಕ್ಕೆ ಅಳತೆ ಕೊಡುವುದು ಅಲ್ಲೇ. ಶಿಬಿರದಲ್ಲಿ ಬಂದ ಕುರ್ಚಿ ಅಳತೆಗೆ ಸರಿ ಇಲ್ಲದಿದ್ದರೆ ಸುಮ್ಮನೆ ಸಹಿ ಹಾಕಿ ತರಬೇಡಿ. ಎಡಿಐಪಿ (ಅಂಗವಿಕಲರಿಗೆ ಸಾಧನ ಕೊಡುವ ಕೇಂದ್ರ ಸರ್ಕಾರದ) ಯೋಜನೆಯಲ್ಲಿ ಒಮ್ಮೆ ಸಾಧನ ಪಡೆದರೆ ಅದೇ ಉದ್ದೇಶಕ್ಕೆ ಮತ್ತೆ ಪಡೆಯಲು ಮೂರು ವರ್ಷ ಕಾಯಬೇಕು, 12 ವರ್ಷದೊಳಗಿನ ಮಕ್ಕಳಿಗೆ ಒಂದು ವರ್ಷ.

ಈಗ ತರಗತಿ. ನಲಿ-ಕಲಿಯಲ್ಲಿ ಐದು ತಟ್ಟೆ (ಮಕ್ಕಳು ಕೂರುವ ಗುಂಪು) ಇರುತ್ತದಲ್ಲ, ಕಲಿಕಾ ಏಣಿಯಲ್ಲಿ (ಕಲಿಕೆಯ ಹಂತಗಳ ಪಟ್ಟಿ) ಮುಂದಿನ ಕಾರ್ಡು ಬಂದಾಗಲೆಲ್ಲ ಮಗು ಎದ್ದು ಇನ್ನೊಂದು ತಟ್ಟೆಗೆ ಹೋಗಬೇಕು. ಇವಳು ಪ್ರತಿಸಲ ಎದ್ದು, ವಾಕರ್ ಹಿಡಿದು, ಮಕ್ಕಳ ಕಾಲುಗಳ ನಡುವೆ ದಾರಿ ಮಾಡಿಕೊಂಡು ಹೋಗಿ ಕೂರುವಷ್ಟರಲ್ಲಿ ಅವಧಿಯ ದೊಡ್ಡ ಪಾಲು ಮುಗಿದಿರುತ್ತದೆ. ಅವಳ ಮೇಜನ್ನು ಒಂದು ಕಡೆ ಸ್ಥಿರವಾಗಿಟ್ಟು ಕಾರ್ಡುಗಳು ಅವಳ ಬಳಿಗೆ ಬರಲಿ, ಆ ತಟ್ಟೆಯ ಮಕ್ಕಳು ಮೇಜಿನ ಸುತ್ತ ಬರಲಿ. ಹಾಗಂತ ಬಾಗಿಲ ಪಕ್ಕದ ಮೂಲೆಯಲ್ಲಿ ಕೂರಿಸಬೇಡಿ ಎಂದು ಟೀಚರಿಗೆ ಹೇಳಿ. ಮಧ್ಯದಲ್ಲಿ, ಕಪ್ಪುಹಲಗೆಗೆ ನೇರವಾಗಿ. ದಿನಕ್ಕೆ ಒಂದೆರಡು ಸಲ ಎದ್ದು ನಡೆಯುವ ಕೆಲಸ ಬೇಕಂತಲೇ ಕೊಡಬಹುದು, ಹಾಜರಿ ಪುಸ್ತಕ ಕೊಟ್ಟುಬರುವುದು ಹೀಗೆ. ಮಕ್ಕಳಿಗಾಗಿ ಗೋಡೆಯ ಕೆಳಭಾಗದಲ್ಲಿ ಬಳಿದ ಕಪ್ಪುಹಲಗೆಯಲ್ಲಿ ಬರೆಯಲು ಅವಳು ನೆಲಕ್ಕೆ ಕೂರಬೇಕಿಲ್ಲ. ಅದೇ ಅಭ್ಯಾಸವನ್ನು ನಿಂತು ಬರೆಯುವ ಹಾಗೆ ಅವಳ ಎದೆಮಟ್ಟದಲ್ಲಿ ಇನ್ನೊಂದು ಹಲಗೆ ಬಳಿಸಿದರೆ ನಿಲ್ಲುವ ಅಭ್ಯಾಸವೂ ಆಗುತ್ತದೆ. ಬಿಸಿಯೂಟಕ್ಕೆ ನೆಲದ ಸಾಲಿನಲ್ಲಿ ಕೂರಿಸುವ ಬದಲು ಅದೇ ಮಣೆ ಒಯ್ಯಿರಿ. ತಟ್ಟೆ ಜಾರದಂತೆ ಕೆಳಗೆ ರಬ್ಬರ್ ಹಾಳೆ, ಅಂಚು ಎತ್ತರವಿರುವ ತಟ್ಟೆ ಆದರೆ ಅನ್ನ ಸಾರು ತಾನೇ ಒತ್ತಿ ತೆಗೆದುಕೊಳ್ಳುತ್ತಾಳೆ.

ಒಬ್ಬರೇ ಟೀಚರ್ ಅನ್ನುವುದಕ್ಕೆ ಬರುತ್ತೇನೆ ಅಂದಿದ್ದೆ. ಟೀಚರಿಗೆ ಹೊರೆಯಾಗುವುದು ಪಾಠ ಅಲ್ಲ, ಶೌಚಾಲಯ. ಅದನ್ನು ಟೀಚರ ಮೇಲೆ ಹಾಕಿದರೆ ಎರಡೇ ವಾರದಲ್ಲಿ "ನಾಳೆ ಕಳಿಸಬೇಡಿ" ಶುರುವಾಗುತ್ತದೆ. ಆ ಕೆಲಸಕ್ಕೆ ಒಬ್ಬ ಹೆಂಗಸು ಯಾರು, ಎಷ್ಟು ಹೊತ್ತಿಗೆ ಅನ್ನುವುದನ್ನು ಎಸ್‌ಡಿಎಂಸಿ (ಶಾಲಾಭಿವೃದ್ಧಿ ಸಮಿತಿ) ಸಭೆಯಲ್ಲೇ ನಿರ್ಧರಿಸಿ ನಡಾವಳಿಯಲ್ಲಿ ಬರೆಸಿ.

ಕತ್ರಿಗುಪ್ಪೆ ಮಾವ:

ಎಲ್ಲರಿಗೂ ಧನ್ಯವಾದ, ಬಡಗಿಯವರಿಗೆ ತೋರಿಸಲು ಪ್ರಿಂಟ್ ತೆಗೆಸಿದೆ. ಇನ್ನೆರಡು ಪ್ರಶ್ನೆ. ಶಾಲೆಯಲ್ಲಿ ಶೌಚಕ್ಕೆ ಹೋಗಬೇಕಾಗುತ್ತದೆ ಅಂತ ತಂಗಿ ಬೆಳಿಗ್ಗೆ ನೀರು ಕಡಿಮೆ ಕುಡಿಸೋಣ ಅನ್ನುತ್ತಿದ್ದಾಳೆ, ಪರವಾಗಿಲ್ಲವೇ? ಬರವಣಿಗೆಗೆ ದಪ್ಪ ಪೆನ್ಸಿಲ್ ಕೊಡಿಸಿದೆ, ಹೆಚ್ಚು ವ್ಯತ್ಯಾಸ ಕಾಣಲಿಲ್ಲ.

ಒ.ಟಿ. ಬಸವನಗುಡಿ ಉತ್ತರ:

ನೀರು ಕಡಿಮೆ ಮಾಡಲೇಬೇಡಿ. ಓಡಾಟ ಕಡಿಮೆ ಇರುವ ಮಕ್ಕಳಿಗೆ ಮೊದಲೇ ಮಲಬದ್ಧತೆ. ನೀರು ಕಡಿಮೆಯಾದರೆ ಅದು ಹೆಚ್ಚುತ್ತದೆ, ಮೂತ್ರದ ಸೋಂಕೂ ಬರಬಹುದು. ನೋವು, ಹೊಟ್ಟೆ ಉಬ್ಬರ ಇದ್ದ ದಿನ ಕಾಲಿನ ಬಿಗಿತವೂ ಜಾಸ್ತಿ. ಅದರ ಬದಲು ಹೊತ್ತು ಹಿಡಿಯಿರಿ: ಮನೆ ಬಿಡುವ ಮೊದಲು, ಬೆಳಗಿನ ಬಿಡುವಿನಲ್ಲಿ, ಊಟ ಆದ ಮೇಲೆ, ಕೇಳಲಿ ಬಿಡಲಿ ಕರೆದುಕೊಂಡು ಹೋಗಬೇಕು. ಉಳಿದ ಮಕ್ಕಳು ಹೋಗುವುದಕ್ಕಿಂತ ಐದು ನಿಮಿಷ ಮೊದಲು ಬಿಟ್ಟರೆ ನೂಕುನುಗ್ಗಲು ಇಲ್ಲ, ನೆಲವೂ ಒಣಗಿರುತ್ತದೆ. ಸೊಂಟಕ್ಕೆ ಎಲಾಸ್ಟಿಕ್ ಇರುವ ಬಟ್ಟೆ ಹಾಕಿಸಿ. ಸಮವಸ್ತ್ರದ ಹುಕ್ಕು, ಜಿಪ್ ತೆಗೆಸಿ ವೆಲ್ಕ್ರೋ ಹೊಲಿಸಲು ದರ್ಜಿಗೆ ಕೊಡಿ.

ಬರವಣಿಗೆ. ದಪ್ಪ ಪೆನ್ಸಿಲ್ ಎಲ್ಲರಿಗೂ ಮದ್ದಲ್ಲ. ಬೆರಳು ಹಿಡಿತ ಸಡಿಲ ಇರುವವರಿಗೆ ಅದು ಸಹಾಯ, ಬಿಗಿಯಾಗಿ ಒತ್ತಿ ಹಿಡಿಯುವ ಮಗುವಿಗೆ ಇನ್ನೂ ಒತ್ತಬೇಕು ಅನ್ನಿಸುತ್ತದೆ. ಕಾಗದ ಹರಿಯುವಷ್ಟು ಒತ್ತುತ್ತಾಳಾದರೆ 2ಬಿ ಪೆನ್ಸಿಲ್ ಕೊಡಿ, ಹಗುರವಾಗಿ ಗೀಚಿದರೂ ಕಪ್ಪಗೆ ಮೂಡುತ್ತದೆ. ಹಾಳೆಯನ್ನು ಟೇಪಿನಿಂದ ಅಂಟಿಸಿ ಎಡಗೈ ಬಿಡುವು ಮಾಡಿ, ಆ ಕೈಗೆ ಹಿಡಿದುಕೊಳ್ಳಲು ಮೇಜಿನ ಮೇಲೆ ಒಂದು ಮರದ ಗೂಟ ಇದ್ದರೆ ಮೈ ನೆಟ್ಟಗಾಗುತ್ತದೆ. ಬರೆಯುವ ಹಲಗೆ 20 ಡಿಗ್ರಿ ಓರೆ ಇರಲಿ, ಹಳೆಯ ದಪ್ಪ ಫೈಲು ಸಾಕು.

ಇನ್ನೊಂದು ಮುಖ್ಯ ವಿಷಯ ಬಹಳ ಜನರಿಗೆ ಹೊಳೆಯುವುದಿಲ್ಲ. ಅವಧಿಗೆ ಮುನ್ನ ಹುಟ್ಟಿದ ಮಕ್ಕಳ ಡೈಪ್ಲೀಜಿಯದಲ್ಲಿ ಕಣ್ಣು ಚೆನ್ನಾಗಿದ್ದರೂ ಕಂಡದ್ದನ್ನು ಮಿದುಳು ಬಿಡಿಸಿಕೊಳ್ಳುವುದರಲ್ಲಿ ತೊಡಕು ಇರುವುದು ಸಾಮಾನ್ಯ. ಚಿತ್ರ, ಬಣ್ಣ, ಅಕ್ಷರ ತುಂಬಿದ ಪುಟದಲ್ಲಿ ಸಾಲು ತಪ್ಪುತ್ತದೆ, ಕಪ್ಪುಹಲಗೆಯಿಂದ ನಕಲು ಮಾಡುವುದು ಕಷ್ಟ, ಒತ್ತಕ್ಷರ ಪಕ್ಕಕ್ಕೆ ಹೋಗಿಬಿಡುತ್ತದೆ. ಕೈಬರಹ ಕೆಟ್ಟದು ಅಂತ ಪುಟಗಟ್ಟಲೆ ಕಾಪಿ ಬರೆಸಿದರೆ ಉಪಯೋಗವಿಲ್ಲ. ರಟ್ಟಿನಲ್ಲಿ ಒಂದು ಸಾಲಿನಷ್ಟು ಕಿಟಕಿ ಕತ್ತರಿಸಿ ಪುಟದ ಮೇಲೆ ಇಟ್ಟು ಓದಿಸಿ ನೋಡಿ. ಪಾಠದ ಪುಟವನ್ನು ಎ3 ಹಾಳೆಗೆ ಜೆರಾಕ್ಸ್ ಮಾಡಿಸಿ, ನಕಲು ಮಾಡಬೇಕಾದ್ದನ್ನು ಪಕ್ಕದ ಚೀಟಿಯಲ್ಲಿ ಬರೆದುಕೊಡಿ. ತಕ್ಷಣ ವ್ಯತ್ಯಾಸ ಕಂಡರೆ ಕಣ್ಣಿನ ಡಾಕ್ಟರ ಬಳಿ ಹೋಗಿ ಇದನ್ನೇ ಹೇಳಿ, ಬರೀ ಕನ್ನಡಕದ ಪರೀಕ್ಷೆಗೆ ನಿಲ್ಲಿಸಬೇಡಿ.

ಎಎಫ್‌ಒ ಬಗ್ಗೆ ಒಂದು ಮಾತು ಟೀಚರಿಗೂ ಹೇಳಿ: ಮಧ್ಯಾಹ್ನ ಮಗು ಅಳುತ್ತಿದ್ದರೆ ಮೊದಲು ಬಿಚ್ಚಿ ನೋಡಬೇಕು. ಕೆಂಪು ಗುರುತು ಅರ್ಧ ಗಂಟೆಯಲ್ಲಿ ಮಾಯವಾಗದಿದ್ದರೆ ಅಳತೆ ಮೀರಿದೆ. ಹಾಕುವಾಗ ಹಿಮ್ಮಡಿ ಹಿಂದಕ್ಕೆ ಪೂರ್ತಿ ಕೂತಿರಬೇಕು, ಪಾದದ ಸಂಧಿಯ ಪಟ್ಟಿ ಮೊದಲು, ಮೇಲಿನದು ಆಮೇಲೆ. ಒಳಗೆ ಮಡಿಕೆಯಿಲ್ಲದ ಹತ್ತಿಯ ಉದ್ದ ಕಾಲುಚೀಲ.

ಸಂಪನ್ಮೂಲ ಟೀಚರ್ ಉತ್ತರ:

ಬರೆಯುವ ಪ್ರಮಾಣವನ್ನೂ ಟೀಚರ ಜೊತೆ ಈಗಲೇ ಮಾತಾಡಿಕೊಳ್ಳಿ. ಉಳಿದವರು ಹತ್ತು ಲೆಕ್ಕ ಬರೆದರೆ ಇವಳು ಮೂರು ಬರೆದು ಏಳು ಬಾಯಲ್ಲಿ ಹೇಳಲಿ. ಮೌಲ್ಯಮಾಪನ ಲೆಕ್ಕಕ್ಕೆ, ಅಂಕಿ ದುಂಡಗಿದೆಯೇ ಅನ್ನುವುದಕ್ಕಲ್ಲ. ಮೂರು ನಾಲ್ಕನೇ ತರಗತಿ ಹೊತ್ತಿಗೆ ಕೀಬೋರ್ಡ್ ಅಭ್ಯಾಸ ಶುರುಮಾಡಬಹುದು. ಎಸ್‌ಎಸ್‌ಎಲ್‌ಸಿ ದೂರ ಇದೆ, ಆದರೂ ತಿಳಿದಿರಲಿ: ಲಿಪಿಕಾರರ ನೆರವು, ಹೆಚ್ಚುವರಿ ಸಮಯ, ಎರಡನೇ ಮೂರನೇ ಭಾಷೆಯ ವಿನಾಯಿತಿ ಕಾಯ್ದೆಯ 17ನೇ ಕಲಂನಲ್ಲೇ ಇವೆ. ಭಾಷೆಯ ವಿನಾಯಿತಿಗೆ ಮಾತ್ರ ಆತುರಪಡಬೇಡಿ, ಮಾತಾಡಬಲ್ಲ ಮಗು ಭಾಷೆ ಬಿಟ್ಟರೆ ನಷ್ಟ ಅವಳಿಗೇ.

ಹೆಡ್‌ಮೇಡಂಗೆ ಬರೆಯುವ ಪತ್ರ ಒಂದೇ ಪುಟ ಇರಲಿ. "ಸೌಲಭ್ಯ ಒದಗಿಸಬೇಕಾಗಿ ಕೋರಿಕೆ" ಅಂತ ಬರೆದರೆ ಅದು ಫೈಲಿನಲ್ಲೇ ಉಳಿಯುತ್ತದೆ. ಹೀಗೆ ಬರೆಯಿರಿ: ತರಗತಿ ನೆಲಮಹಡಿಯಲ್ಲೇ ಇರಬೇಕು, ಮುಂದಿನ ತರಗತಿಗಳಿಗೂ. ಮೂರು ಮೆಟ್ಟಿಲಿಗೆ ಎರಡೂ ಕಡೆ ರೇಲಿಂಗ್, ಇಂಥ ದಿನದೊಳಗೆ. 18 ಅಡಿ ಉದ್ದ 4 ಅಡಿ ಅಗಲದ ರ‍್ಯಾಂಪ್, ಸ್ಥಳದ ಕೈನಕ್ಷೆ ಲಗತ್ತಿಸಿದೆ. ಕುರ್ಚಿ, ಮೇಜು, ಮಣೆ ಪೋಷಕರೇ ತರುತ್ತಾರೆ, ರಾತ್ರಿ ಇಡಲು ಬೀಗದ ಕೋಣೆ ಬೇಕು. ಶೌಚಾಲಯದಲ್ಲಿ ಎರಡು ಹಿಡಿಕೆ, ಸ್ಟ್ಯಾಂಡ್ ಇಡಲು ಜಾಗ, ಸಹಾಯಕ್ಕೆ ಇಂಥವರು. ಪ್ರತಿಯನ್ನು ಬಿಇಒ (ಕ್ಷೇತ್ರ ಶಿಕ್ಷಣಾಧಿಕಾರಿ) ಕಚೇರಿಗೂ ಬಿಆರ್‌ಸಿಗೂ ಕೊಟ್ಟು ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳಿ. ಅಲ್ಲಿ ಕೆಲಸ ಆಗದಿದ್ದರೆ ಡಿಡಿಪಿಐ (ಜಿಲ್ಲೆಯ ಶಾಲಾ ಶಿಕ್ಷಣ ಉಪನಿರ್ದೇಶಕರು), ಆಮೇಲೆ ರಾಜ್ಯ ಅಂಗವಿಕಲ ವ್ಯಕ್ತಿಗಳ ಅಧಿನಿಯಮದ ಆಯುಕ್ತರು. ಆದರೆ ಹೆಡ್‌ಮೇಡಂ ಮನಸ್ಸಿರುವವರು ಅಂತ ನೀವೇ ಬರೆದಿದ್ದೀರಿ, ದೂರಿನ ದಾರಿ ಮೊದಲೇ ಹಿಡಿಯಬೇಡಿ.

ಸಿವಿಲ್ ಜಯನಗರ:

ಕೈನಕ್ಷೆಗೆ ಒಂದು ಸೇರ್ಪಡೆ. ಮೆಟ್ಟಿಲಿನ ಎತ್ತರವನ್ನು ಟೇಪು ಹಿಡಿದು ಕೂಡಿಸಬೇಡಿ, ಅಂಗಳವೇ ಇಳಿಜಾರಿರುತ್ತದೆ. ರ‍್ಯಾಂಪಿನ ಬುಡ ಎಲ್ಲಿ ಬರುತ್ತದೋ ಆ ಜಾಗದಿಂದ ಜಗಲಿಯ ಮಟ್ಟಕ್ಕೆ ನೀರು ತುಂಬಿದ ಲೆವೆಲ್ ಟ್ಯೂಬ್ ಹಿಡಿದು ಅಳೆಯಿರಿ. 18 ಇಂಚು ಅಂದುಕೊಂಡದ್ದು 22 ಆದರೆ ಉದ್ದವೂ 22 ಅಡಿ ಆಗಬೇಕು. ಅಷ್ಟು ಜಾಗ ಗೇಟಿನೊಳಗೆ ಇದೆಯೇ ನೋಡಿಕೊಂಡು ಆಮೇಲೆ ಪತ್ರ ಕೊಡಿ.